ಸೊರಬಯ್ಯನ ದುಭಾಷಿ

೨೨ ಜನವರಿ ೧೯೫೮, ಬುಧವಾರ. ಹಾಸನ

ಇಂಗ್ಲಿಷ್ ಚೆನ್ನಾಗಿ ಬರುತ್ತದೆ ಎಂದು ಕಚೇರಿಯಲ್ಲಿ ತೋರಿಸಿಕೊಳ್ಳಬಾರದು. ತೋರಿಸಿಕೊಂಡೆ, ಅನುಭವಿಸುತ್ತಿದ್ದೇನೆ. ಬೆಳಿಗ್ಗೆ ಶಿರಸ್ತೇದಾರರು ಕರೆದು, "ಚಂದ್ರನಾಥ, ಫ್ರಾನ್ಸ್ ದೇಶದಿಂದ ಒಬ್ಬ ಸಿನಿಮಾದವನು ಬಂದಿದಾನೆ. ಅರಕಲಗೂಡಿನ ಹತ್ತಿರ ಒಂದು ಹಳ್ಳೀಲಿ ಪಿಕ್ಚರ್ ತೆಗೀತಾನಂತೆ. ಜನರ ಮಾತು ಅವನಿಗೆ, ಅವನ ಮಾತು ಜನಕ್ಕೆ ತಿಳಿಸೋಕೆ ನಿನ್ನನ್ನ ಹಾಕಿದೀನಿ. ಎರಡು ವಾರದ ಕೆಲಸ" ಎಂದರು. ನನಗೆ ಫ್ರೆಂಚ್ ಬರುವುದಿಲ್ಲ ಎಂದೆ. "ಅವನಿಗೆ ಇಂಗ್ಲಿಷ್ ಬರುತ್ತೆ, ಹೋಗಯ್ಯ" ಎಂದರು.

ಪ್ರೇಮಕುಮಾರಿ ಹೆತ್ತು ಇವತ್ತಿಗೆ ಹನ್ನೆರಡು ದಿನ. ಹೆಣ್ಣು ಮಗು. ಚನ್ನರಾಯಪಟ್ಟಣದಲ್ಲಿ, ಅವಳ ತವರಿನಲ್ಲಿದ್ದಾರೆ. ನಾನಿನ್ನೂ ಮುಖ ನೋಡಿಲ್ಲ. ಬರುವ ವಾರ ಹೋಗುವುದೆಂದು ರಜಾ ಅರ್ಜಿ ಬರೆದಿದ್ದೆ. ಶಿರಸ್ತೇದಾರರು ಅದನ್ನು ನಾಲ್ಕು ಮಡಿಕೆ ಮಾಡಿ ಕಡತದೊಳಗೆ ಸೇರಿಸಿದರು. ಕೆಲಸ ಮುಗಿಯಿತು ಎಂದು ಆ ಸಿನಿಮಾದವನು ಸಹಿ ಹಾಕಿ ಕೊಟ್ಟ ಮೇಲೆಯೇ ರಜೆಯಂತೆ. ಹಗ್ಗ ಕೊಟ್ಟು ಕೈ ಕಟ್ಟಿಸಿಕೊಂಡವನು ನಾನೇ, ಇನ್ನು ಯಾರನ್ನು ಬೈಯಲಿ.

೨೪ ಜನವರಿ, ಶುಕ್ರವಾರ. ಅರಕಲಗೂಡು, ಪ್ರವಾಸಿ ಬಂಗಲೆ

ಅವನ ಹೆಸರು ಎಮಿಲ್ ಸೋರ್ಬಿಯೆ. ವಯಸ್ಸು ಐವತ್ತರ ಮೇಲೆ. ಎತ್ತರದ ಆಳು, ಉದ್ದನೆಯ ಮೂಗು, ಕಣ್ಣ ಕೆಳಗೆ ಚೀಲ. ನನ್ನನ್ನು "ಶಾಂದ್ರ" ಎಂದು ಕರೆಯುತ್ತಾನೆ. ಜೊತೆಗೆ ಕ್ಯಾಮೆರಾದವನೊಬ್ಬನಿದ್ದಾನೆ. ಅವನು ಯಾವ ಭಾಷೆಯಲ್ಲೂ ಬಾಯಿ ಬಿಡುವುದಿಲ್ಲ.

ಸೋರ್ಬಿಯೆ ಮೊದಲು ನಟನಾಗಿದ್ದನಂತೆ. "ನಲವತ್ತು ಪಿಕ್ಚರಿನಲ್ಲಿ ನಟಿಸಿದೆ, ಇಪ್ಪತ್ತೆರಡರಲ್ಲಿ ಸತ್ತೆ. ಗುಂಡಿನಿಂದ, ವಿಷದಿಂದ, ಒಂದು ಸಲ ಕುದುರೆಯಿಂದ ಬಿದ್ದು. ಸತ್ತು ಸತ್ತು ಬೇಜಾರಾಗಿ ಡೈರೆಕ್ಟರಾದೆ" ಎಂದ. ಡೈರೆಕ್ಟರಾಗಿ ಇದು ಮೂರನೆಯದು. ಮೊದಲನೆಯದನ್ನು ಅವರ ದೇಶದಲ್ಲಿ ಹೊಗಳಿದರಂತೆ, ಎರಡನೆಯದಕ್ಕೆ ಯಾರೂ ಬರಲಿಲ್ಲವಂತೆ. ಇದೂ ಬೀಳುವುದಾದರೆ ಮತ್ತೆ ಸಾಯುವ ಕೆಲಸಕ್ಕೇ ಹೋಗಬೇಕು ಎಂದು ನಕ್ಕ.

ಕಥೆ ಕೇಳಿದೆ. ಊರು ಬಿಟ್ಟು ಹೋದ ಮಗ ಹೆಣವಾಗಿ ಊರಿಗೆ ಬರುತ್ತಾನೆ, ತಾಯಿ ಅಳುತ್ತಾಳೆ. ಇದಕ್ಕೆ ಫ್ರಾನ್ಸಿನಿಂದ ಬರಬೇಕಾಗಿತ್ತೇ ಎಂದು ಕೇಳಬೇಕೆನಿಸಿತು. ಕೇಳಲಿಲ್ಲ. ಹೊತ್ತು ಮುಳುಗುವ ಮೊದಲೇ ನನ್ನ ಊಟ ಆಗಬೇಕು, ನಾವು ಬಸ್ತಿಯವರು, ಜೈನರು, ಕತ್ತಲಲ್ಲಿ ತಿನ್ನುವುದಿಲ್ಲ ಎಂದು ಮಾತ್ರ ಖಂಡಿತವಾಗಿ ಹೇಳಿದೆ. ಆಗಲಿ ಎಂದ. ಒಳ್ಳೆಯ ಮನುಷ್ಯನಂತೆ ಕಾಣುತ್ತಾನೆ. ಒಳ್ಳೆಯವರ ಕೈಗೆ ಸಿಕ್ಕಿಕೊಂಡರೆ ಬಿಡಿಸಿಕೊಳ್ಳುವುದು ಕಷ್ಟ.

೨೮ ಜನವರಿ, ಮಂಗಳವಾರ

ತಾಯಿ ಸಿಕ್ಕಳು. ಇಲ್ಲಿಂದ ಎರಡು ಮೈಲಿಯ ಹಳ್ಳಿ. ಅಲ್ಲಿನ ಪಟೇಲ ದೊಡ್ಡಯ್ಯನವರು ನಾಲ್ಕು ದಿನದಿಂದ ಊರಿನ ಮುದುಕಿಯರನ್ನೆಲ್ಲ ಜಗಲಿಯ ಮೇಲೆ ಸಾಲಾಗಿ ಕೂರಿಸಿ ತೋರಿಸುತ್ತಿದ್ದರು. ಸೋರ್ಬಿಯೆ ಅವರನ್ನೆಲ್ಲ ಬಿಟ್ಟು ನೀರು ಹೊತ್ತು ಹೋಗುತ್ತಿದ್ದ ಒಬ್ಬಳನ್ನು ತೋರಿಸಿ ಇವಳೇ ಎಂದ. ಊರಿನವರ ನಾಲಿಗೆಯಲ್ಲಿ ಅವನು ಈಗಾಗಲೇ ಸೊರಬಯ್ಯನಾಗಿದ್ದಾನೆ.

ಅವಳು ಶಿವಗಂಗಮ್ಮ, ಲಿಂಗವಂತರ ಮನೆಯವಳು. ಮನೆಯಲ್ಲಿ ಅವಳು, ಸೊಸೆ ನೀಲಾಂಬಿಕೆ, ಎರಡು ಎಮ್ಮೆ. ಒಬ್ಬನೇ ಮಗ ಗಂಗಾಧರ ಆರು ವರ್ಷದ ಹಿಂದೆ ಮುಂಬಯಿಗೆ ಹೋದವನು ಒಂದು ಕಾಗದ ಹಾಕಿಲ್ಲ. ಊರಿನಲ್ಲಿ ಎಲ್ಲರೂ ಅವನು ತೀರಿಹೋದ ಎಂದೇ ತಿಳಿದಿದ್ದಾರೆ. ಅವಳ ಎದುರಿಗೆ ಮಾತ್ರ ಯಾರೂ ಹಾಗೆ ಅನ್ನುವುದಿಲ್ಲ. ದಿನಾ ಅವನ ಪಾಲಿನ ಮುದ್ದೆ ತೆಗೆದಿಟ್ಟು ಮಾರನೆಯ ಬೆಳಿಗ್ಗೆ ಎಮ್ಮೆಗೆ ಹಾಕುತ್ತಾಳಂತೆ. ಇದನ್ನೆಲ್ಲ ಪಟೇಲರು ನನಗೆ ಬೇರೆಯಾಗಿ ಹೇಳಿದರು.

ಶಿವಗಂಗಮ್ಮ ಸೊರಬಯ್ಯನನ್ನು ಅಡಿಯಿಂದ ಮುಡಿಯವರೆಗೆ ನೋಡಿ, ಆಮೇಲೆ ನನ್ನ ಕಡೆ ತಿರುಗಿದಳು.

"ಪಟೇಲಪ್ಪ ಏಳವ್ರೆ ಅಂತ ಕೂರ್ತೀನಿ. ಮನೇನೂ ಬಿಟ್ಕೊಡ್ತೀನಿ. ಒಂದೇ ಮಾತು ಕಣಪ್ಪ. ಯಾರ ಮಗ ಸತ್ತ ಅಂತಾದ್ರೂ ಆಡ್ಕಳ್ಳಿ. ನಮ್ಮೋನ ಹೆಸರು ಮಾತ್ರ ಯಾರೂ ಎತ್ತಬಾರ್ದು. ನೀನು ಓದಿದೋನು, ಮಾತು ಕೊಡು."

"ಆಗಲಿ ಅವ್ವ, ಎತ್ತೋಲ್ಲ" ಎಂದೆ.

ಏನಂದಳು ಎಂದು ಸೊರಬಯ್ಯ ಕೇಳಿದ. ಅಷ್ಟನ್ನೂ ಇಂಗ್ಲಿಷ್ ಮಾಡುತ್ತಾ ಕೂತರೆ ಹೊತ್ತು ಮುಳುಗಿಬಿಡುತ್ತಿತ್ತು, ನನಗೆ ಹಸಿವು. "ಒಪ್ಪಿದಳು" ಎಂದೆ.

೨ ಫೆಬ್ರವರಿ, ಭಾನುವಾರ

ಇವತ್ತು ಭಾನುವಾರ ಎಂಬುದು ಸೊರಬಯ್ಯನಿಗೆ ನೆನಪಿಲ್ಲ.

ಶಿವಗಂಗಮ್ಮನ ಪಡಸಾಲೆಯಲ್ಲಿ ಬಿದಿರಿನ ಚಟ್ಟ ಕಟ್ಟಿಸಿ, ಅರಕಲಗೂಡಿನ ಕೂಲಿ ಹುಚ್ಚಯ್ಯನನ್ನು ಹೆಣವಾಗಿ ಮಲಗಿಸಿದ್ದೆವು. ಶಿವಗಂಗಮ್ಮ ಬಂದವಳು ಸೊಂಟದ ಮೇಲೆ ಕೈಯಿಟ್ಟು ನಿಂತಳು.

"ಇದೇನಪ್ಪ, ಮಲಗ್ಸವ್ರೆ? ನಮ್ಮೋರ್ನ ಮಲಗ್ಸಾಕಿಲ್ಲ. ಕೂರಿಸ್ತೀವಿ. ಕೂರಿಸಿ, ಈಬೂತಿ ಹಚ್ಚಿ, ಕುಂತಂಗೇ ಕಳಿಸ್ತೀವಿ."

ಇದನ್ನು ಇಂಗ್ಲಿಷಿನಲ್ಲಿ ಹೇಳುತ್ತಿದ್ದಂತೆ ಸೊರಬಯ್ಯ ಎದ್ದು ಕುಣಿಯುವುದೊಂದು ಬಾಕಿ. ಇಪ್ಪತ್ತೆರಡು ಸಲ ಸತ್ತರೂ ನನ್ನನ್ನು ಯಾರೂ ಕೂರಿಸಲಿಲ್ಲವಲ್ಲ ಎಂದ. ಚಟ್ಟ ಆಚೆ ಹೋಯಿತು, ಹಲಗೆ ಬಂತು. ಆದರೆ ಗೋಡೆಗೆ ಒರಗಿಸಿ ವಿಭೂತಿ ಹಚ್ಚುವ ಹೊತ್ತಿಗೆ ಹುಚ್ಚಯ್ಯ, "ನಾನು ಒಲ್ಲೆ ಸಾ, ಮನೇಲಿ ಮಕ್ಕಳವ್ರೆ" ಎಂದು ಅರ್ಧ ಬಳಿದ ಹಣೆಯಲ್ಲೇ ಓಡಿಹೋದ. ಊರಿನ ಒಬ್ಬ ಗಂಡಸೂ ಆ ಹಲಗೆಯ ಮೇಲೆ ಕೂರಲು ಬರಲಿಲ್ಲ.

ಪಟೇಲ ದೊಡ್ಡಯ್ಯನವರು ನನ್ನನ್ನು ನೋಡಿದರು. "ಗುಮಾಸ್ತರು ಬಸ್ತಿಯೋರಲ್ವಾ? ನಮ್ಮ ಶಾಸ್ತ್ರ ಅವ್ರಿಗೆ ತಟ್ಟಾಕಿಲ್ಲ. ಅವ್ರೇ ಕೂರಲಿ" ಎಂದರು. ಊರಿಗೆ ಊರೇ ಹೌದು ಹೌದು ಎಂದಿತು. ನಾನು ಕೂತೆ. ಬಿ.ಎ. ಮಾಡಿದ್ದು ಇದಕ್ಕೆ.

೫ ಫೆಬ್ರವರಿ, ಬುಧವಾರ

ಹೆಣವಾಗುವುದು ಹೇಗೆಂದು ಬರೆದಿಡುತ್ತೇನೆ, ಮಗಳು ದೊಡ್ಡವಳಾದ ಮೇಲೆ ಓದಿ ನಗಲಿ. ಹಲಗೆಯ ಮೇಲೆ ಚಕ್ಕಂಬಕ್ಕಳ. ಕಂಕುಳ ಕೆಳಗೆ ಹಳೆಯ ಪಂಚೆ ಹಾಯಿಸಿ ಹಿಂದಿನ ಗೂಟಕ್ಕೆ ಬಿಗಿಯುತ್ತಾರೆ. ತಲೆ ವಾಲದಂತೆ ಹಣೆಗೆ ಒಂದು ಪಟ್ಟಿ. ಮುಖಕ್ಕೆ ವಿಭೂತಿ, ಕೊರಳಿಗೆ ಚೆಂಡುಹೂವಿನ ಹಾರ. ಕಣ್ಣು ಮುಚ್ಚಿರಬೇಕು, ಉಸಿರು ಕಾಣಬಾರದು. ನೊಣ ಬಂದು ಮೂಗಿನ ಮೇಲೆ ಕೂತರೆ ಅದು ಅದರ ಇಷ್ಟ.

ಇನ್ನೊಂದು ಅನ್ಯಾಯವಿದೆ. ಸೊರಬಯ್ಯ ಹೇಳುವುದು ಶಿವಗಂಗಮ್ಮನಿಗೆ ತಿಳಿಯಬೇಕಾದರೆ ಮಧ್ಯೆ ನಾನು ಬೇಕು. ಮಾತು ಸದ್ದುಗಳನ್ನೆಲ್ಲ ಆಮೇಲೆ ಅವರ ದೇಶದಲ್ಲಿ ಸೇರಿಸುತ್ತಾರೆ, ಈಗ ಕ್ಯಾಮೆರಾಕ್ಕೆ ಕಿವಿಯಿಲ್ಲ. ಹಾಗಾಗಿ ಹೆಣ ಮಾತಾಡಬಹುದು, ತುಟಿ ಅಲ್ಲಾಡಬಾರದು ಅಷ್ಟೆ. ಅವನು ಇಂಗ್ಲಿಷಿನಲ್ಲಿ ಕೂಗುತ್ತಾನೆ, ನಾನು ಹಲ್ಲು ಕಚ್ಚಿಕೊಂಡು "ಅವ್ವ, ಹತ್ತಿರ ಬರಬೇಕಂತೆ, ಮಂಡಿ ಮೇಲೆ ಕೈ ಇಡಬೇಕಂತೆ, ಈಗ ಅಳಬೇಕಂತೆ" ಎನ್ನುತ್ತೇನೆ.

ಅವಳು ಬರುತ್ತಾಳೆ, ಕೈ ಇಡುತ್ತಾಳೆ, ಅಳುವುದಿಲ್ಲ. ಸೆರಗು ಕಣ್ಣಿಗೊತ್ತಿಕೊಂಡು ಸುಮ್ಮನೆ ಕೂರುತ್ತಾಳೆ. ಸೊರಬಯ್ಯ ಇನ್ನೊಂದು ಸಲ ಎನ್ನುತ್ತಾನೆ. ಆದರೆ ಮಾಡಿನ ಬೆಳಕಿಂಡಿಯಿಂದ ಆ ಹಲಗೆಯ ಮೇಲೆ ಬಿಸಿಲು ಬೀಳುವುದು ನಾಲ್ಕರಿಂದ ನಾಲ್ಕೂಕಾಲರವರೆಗೆ ಮಾತ್ರ. ದಿನಕ್ಕೆ ಎರಡು ಸಲ, ಹೆಚ್ಚೆಂದರೆ ಮೂರು. ಆಮೇಲೆ ನಾಳೆ. ವಿಭೂತಿ ತೊಳೆದುಕೊಂಡು ಬಂಗಲೆಗೆ ಬರುವಷ್ಟರಲ್ಲಿ ಹೊತ್ತು ಮುಳುಗಿತ್ತು. ಉಪವಾಸ ಮಲಗಿದೆ.

೮ ಫೆಬ್ರವರಿ, ಶನಿವಾರ

ಎರಡು ವಾರ ಆಯಿತು. ಸೊರಬಯ್ಯನಿಗೆ ಕಾಗದ ತೋರಿಸಿ ಸಹಿ ಕೇಳಿದೆ. "ತಾಯಿ ಅತ್ತ ದಿನ ಹಾಕುತ್ತೇನೆ" ಎಂದ. ಹೆಣವನ್ನು ಮಧ್ಯದಲ್ಲಿ ಬದಲಾಯಿಸಲಾಗುವುದಿಲ್ಲವಂತೆ.

ಪ್ರೇಮಕುಮಾರಿಯ ಕಾಗದ ಬಂದಿದೆ. "ಮಗು ನಗುತ್ತೆ. ನಿಮ್ಮ ಮೂಗು. ನಾಮಕರಣ ಎಷ್ಟು ದಿನ ಮುಂದೆ ಹಾಕೋದು ಅಂತ ಅಪ್ಪ ಕೇಳ್ತಿದಾರೆ. ನಿಮ್ಮಮ್ಮ ಜ್ವಾಲಾಮಾಲಿನಿ ಅಂತ ಇಡಬೇಕು ಅಂತಾರೆ. ಅಷ್ಟುದ್ದ ಕೂಗೋಕೆ ನನ್ನ ಕೈಲಾಗೋಲ್ಲ, ನೀವು ಬಂದು ಹೇಳಿ." ಓದಿ ಓದಿ ಕಾಗದದ ಮಡಿಕೆ ಹರಿಯಿತು.

ಉಪ್ಪಿಟ್ಟು ಇತ್ತು. ದೀಪ ಹಚ್ಚಿಯಾಗಿತ್ತು. ತಿಂದೆ.

೧೧ ಫೆಬ್ರವರಿ, ಮಂಗಳವಾರ

ಹದಿಮೂರು ಸಲ ಆಗಿದೆ. ಇವತ್ತು ಮೋಡ, ಬಿಸಿಲೇ ಇಲ್ಲ. ಬಂಗಲೆಯ ವರಾಂಡದಲ್ಲಿ ಕೂತು ಸೊರಬಯ್ಯ ತನ್ನ ಕಥೆ ಹೇಳಿದ.

ಇಪ್ಪತ್ತಮೂರನೆಯ ವಯಸ್ಸಿನಲ್ಲಿ ಮೊದಲ ಪಿಕ್ಚರಂತೆ. ದುಃಖದ ಒಂದು ನೋಟ ಬೇಕಾಗಿತ್ತು, ಇವನಿಗೆ ಬರುತ್ತಿರಲಿಲ್ಲ. ಆಗಿನ ಡೈರೆಕ್ಟರ್ ಹತ್ತಿರ ಬಂದು ಮೆಲ್ಲಗೆ, "ಎಮಿಲ್, ಈಗ ತಂತಿ ಬಂತು, ನಿನ್ನ ತಂದೆ ತೀರಿಕೊಂಡರು" ಎಂದು ಹೇಳಿ, ಅದೇ ಕ್ಷಣ ಕ್ಯಾಮೆರಾ ಓಡಿಸಿದ. ಆ ಮುಖವನ್ನು ದೇಶವೆಲ್ಲ ನೋಡಿತು. ತಂದೆ ಮನೆಯಲ್ಲಿ ಗಟ್ಟಿಮುಟ್ಟಾಗಿದ್ದರು, ತಂತಿ ಬಂದೇ ಇರಲಿಲ್ಲ. ಮುಂದೆ ಇಪ್ಪತ್ತು ವರ್ಷ ಬಂದವರೆಲ್ಲ ಅದೇ ಮುಖ ಕೊಡು ಎಂದರಂತೆ. ಅದೇ ಮುಖದಲ್ಲಿ ಸಾಯಿಸಿದರಂತೆ. ತಂದೆ ನಿಜವಾಗಿ ಸತ್ತ ದಿನ ಮಾತ್ರ ಅಳು ಬರಲಿಲ್ಲವಂತೆ.

"ಅದಕ್ಕೇ ಡೈರೆಕ್ಟರಾದೆ ಶಾಂದ್ರ. ಸುಳ್ಳು ಹೇಳಿ ಯಾರಿಂದಲೂ ಕಣ್ಣೀರು ತೆಗೆಸುವುದಿಲ್ಲ. ನೂರು ಸಲ ಆದರೂ ಕಾಯುತ್ತೇನೆ. ಹಾಗೆ ತೆಗೆದ ತುಂಡು ನನ್ನ ಪಿಕ್ಚರಿನಲ್ಲಿ ಇದೆ ಎಂದು ಗೊತ್ತಾದರೆ ಡಬ್ಬಿ ಬಿಚ್ಚಿ ಬಿಸಿಲಿಗೆ ಹಿಡಿದು ಹಾಳು ಮಾಡುತ್ತೇನೆ" ಎಂದ.

ಮನುಷ್ಯ ದೊಡ್ಡವನು, ಒಪ್ಪುತ್ತೇನೆ. ಆದರೆ ನೂರು ಸಲ ಎಂದಾಗ ಮನಸ್ಸಿನಲ್ಲೇ ಲೆಕ್ಕ ಹಾಕಿದೆ. ದಿನಕ್ಕೆ ಎರಡರಂತೆ ನೂರು ಎಂದರೆ ಮಗು ಬೋರಲು ಬೀಳುತ್ತದೆ. ಆ ಹಳೆಯ ಡೈರೆಕ್ಟರ್ ಒಂದೇ ಮಾತಿನಲ್ಲಿ ಕೆಲಸ ಮುಗಿಸಿದನಲ್ಲ ಎಂದು ಯೋಚಿಸುತ್ತಾ ಕೂತೆ.

೧೫ ಫೆಬ್ರವರಿ, ಶನಿವಾರ. ಹೊಳೆನರಸೀಪುರ

ಶಿವರಾತ್ರಿ ಕಳೆಯುವ ತನಕ ಹಳ್ಳಿಯಲ್ಲಿ ಕೆಲಸವಿಲ್ಲ. ಆದರೂ ನನಗೆ ಬಿಡುವಿಲ್ಲ. ಫಿಲಮ್ಮಿನ ಡಬ್ಬಿಗಳನ್ನು ಮದರಾಸಿಗೆ ಕಳಿಸಲು ಇಲ್ಲಿನ ರೈಲ್ವೆ ಸ್ಟೇಷನ್ನಿಗೆ ಬಂದೆ. ಹಾಸನದ ಕಡೆಯ ಗಾಡಿ ಎದುರಿಗೇ ನಿಂತಿತ್ತು. ಹತ್ತಿದ್ದರೆ ಹಾಸನ, ಅಲ್ಲಿಂದ ಬಸ್ಸು, ಸಂಜೆಯೊಳಗೆ ಮಗು. ಹತ್ತಿದ್ದರೆ ಸೋಮವಾರ ನೌಕರಿಯೂ ಇಲ್ಲ. ಉಗುಳಲೂ ಆಗದ ನುಂಗಲೂ ಆಗದ ಬಿಸಿ ತುಪ್ಪ.

ಪ್ಲಾಟ್‌ಫಾರಮ್ಮಿನಲ್ಲಿ ಒಬ್ಬ ತಾಯಿ ಮಿಲಿಟರಿಗೆ ಹೋಗುವ ಮಗನನ್ನು ಕಳಿಸುತ್ತಾ ಅಳುತ್ತಿದ್ದಳು. ಕಂಬದ ನೆರಳು ಸರಿಯಾಗಿ ಅವಳ ಮುಖದ ಮೇಲೆ ಬಿದ್ದಿತ್ತು. ಎರಡು ಹೆಜ್ಜೆ ಈಚೆ ಬಂದಿದ್ದರೆ ಎಷ್ಟು ಚೆನ್ನಾಗಿರುತ್ತಿತ್ತು.

೧೯ ಫೆಬ್ರವರಿ, ಬುಧವಾರ

ಮುಗಿಯಿತು. ಒಂದೇ ಸಲಕ್ಕೆ ಮುಗಿಯಿತು.

ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ. ಶೂಟಿಂಗಿಗೆ ಮೊದಲು ಶಿವಗಂಗಮ್ಮ ನನಗೆ ಪಟ್ಟಿ ಕಟ್ಟುತ್ತಾ, "ನಿನ್ನ ಮಗೀನ ಮುಖ ನೋಡ್ದಂಗೆ ಇಟ್ಕಂಡವ್ನಲ್ಲಪ್ಪ ಈ ಸೊರಬಯ್ಯ. ನಾನಾದ್ರೂ ಅಳಾನ ಅಂದ್ರೆ ಬತ್ತಾ ಇಲ್ಲ. ಯಾರ ಮಗನಿಗೋ ಅಳಾಕೆ ಕಣ್ಣೀರೆಲ್ಲಿಂದ ತರಲಿ" ಎಂದಳು. ನನ್ನ ಮೇಲಿನ ಕನಿಕರದಿಂದಲೇ ಹಾಗಂದಳು.

ಬಿಸಿಲು ಬಿತ್ತು. ಕ್ಯಾಮೆರಾ ಕಿರ್ರೆಂದಿತು. ಅವಳು ಬಂದು ಕೂತಳು, ಮಂಡಿಯ ಮೇಲೆ ಕೈಯಿಟ್ಟಳು. ಎಂದಿನ ಹಾಗೆ ಸುಮ್ಮನೆ. ಬಿಗಿದ ಪಂಚೆ ಎದೆ ಒತ್ತುತ್ತಿತ್ತು, ಮುಚ್ಚಿದ ಕಣ್ಣೊಳಗೆ ಕೆಂಪು. ಇವತ್ತೂ ಆಗದಿದ್ದರೆ ನಾಳೆ, ನಾಳೆಯೂ ಆಗದಿದ್ದರೆ ನಾಡಿದ್ದು, ನಾನು ಈ ಗೋಡೆ ಬಿಟ್ಟು ಏಳುವುದೇ ಇಲ್ಲ ಎನಿಸಿತು. ತುಟಿ ಅಲ್ಲಾಡಿಸದೆ ಹೇಳಿದೆ:

"ಅವ್ವಾ, ನಾನು ಕಣವ್ವ, ಗಂಗಾಧರ. ಇನ್ನೆಷ್ಟು ದಿನ ಇಟ್ಕೊಂಡಿರ್ತೀಯ? ಕಳಿಸ್ಕೊಡು."

ಮೊದಲು ಅವಳ ಕೈ ಭಾರವಾಯಿತು. ಆಮೇಲೆ ಅವಳು ಅತ್ತಳು. ಅದನ್ನು ಅಳು ಎಂದು ಬರೆದರೆ ಸಾಲದು. ನನ್ನ ತೊಡೆಯ ಮೇಲೆ ಹಣೆ ಹೊಡೆದುಕೊಂಡಳು, ವಿಭೂತಿಯ ಮುಖವನ್ನು ಎರಡೂ ಕೈಯಲ್ಲಿ ಹಿಡಿದು "ನನ್ನಪ್ಪಾ, ಬಂದ್ಯಾ, ಇಂಗೆ ಬಂದ್ಯಾ" ಎಂದಳು. ಬಿಸಿಲು ಜಾರುವ ತನಕ ಕ್ಯಾಮೆರಾ ನಿಲ್ಲಲಿಲ್ಲ. ಕಣ್ಣು ಬಿಟ್ಟಾಗ ಸೊರಬಯ್ಯನೂ ಅಳುತ್ತಿದ್ದ. "ನೋಡಿದೆಯಾ? ಕಾದರೆ ತಾನಾಗಿ ಬರುತ್ತದೆ. ಏನು ಹೇಳಿದೆ ಅವಳಿಗೆ?" ಎಂದ. "ನೀವು ಹೇಳಿದ್ದನ್ನೇ" ಎಂದೆ.

ಮುಖದ ವಿಭೂತಿಯನ್ನು ಎರಡು ಸಲ ತೊಳೆದುಕೊಂಡೆ. ಆದರೆ ಇನ್ನೆರಡು ದಿನದಲ್ಲಿ ಮನೆಗೆ ಹೋಗುತ್ತೇನೆ. ಮುದುಕಿಗೂ ಒಂದು ಸಲ ಅತ್ತಿದ್ದು ಒಳ್ಳೆಯದೇ ಆಯಿತು.

೨೦ ಫೆಬ್ರವರಿ, ಗುರುವಾರ

ಒಳ್ಳೆಯದಾಗಲಿಲ್ಲ.

ಬೆಳಿಗ್ಗೆ ನೀಲಾಂಬಿಕೆ ಎರಡು ಮೈಲಿ ನಡೆದು ಬಂಗಲೆಗೆ ಬಂದಳು. ಇಪ್ಪತ್ತಾರು ಇಪ್ಪತ್ತೇಳು ವಯಸ್ಸಿರಬಹುದು. ಇಷ್ಟು ದಿನ ನನ್ನೆದುರು ಬಾಯಿ ಬಿಟ್ಟವಳಲ್ಲ. ಒಳಗೆ ಬಾ ಎಂದರೂ ಬರಲಿಲ್ಲ, ಮೆಟ್ಟಿಲ ಕೆಳಗೇ ನಿಂತಳು.

"ಅತ್ತೆ ಬೆಳಿಗ್ಗೆ ಎದ್ದು ಮನೆ ಸಾರಿಸಿ ಅಯ್ಯನೋರ್ನ ಕರೆಸವ್ರೆ ಸಾ. ಮಗ ಬಂದು ಏಳ್ದ, ಕಳಿಸ್ಕೊಡು ಅಂದ, ಹನ್ನೊಂದರ ಶಾಸ್ತ್ರ ಮಾಡ್ಬೇಕು ಅಂತವ್ರೆ. ಹನ್ನೊಂದನೇ ದಿನ ನನ್ನ ಬಳೆ ತಗೀತಾರೆ, ತಾಳಿ ತಗೀತಾರೆ."

ನಾನು ನೀರು ತಂದು ಮೆಟ್ಟಿಲ ಮೇಲಿಟ್ಟೆ.

"ನಾನು ಬಾಗಿಲ ಸಂದೀಲಿದ್ದೆ ಸಾ. ನೀವಂದಿದ್ದು ಕೇಳಿಸ್ಕಂಡೆ. ನಾನೇಳಿದ್ರೆ ಯಾರೂ ನಂಬಾಕಿಲ್ಲ, ಗಂಡನ ಮೇಲಿನ ಆಸೆಗೆ ಅಂತಾಳೆ ಅಂತಾರೆ. ನೀವೇ ಬಂದು ಏಳಿ. ಅವ್ರು ಬತ್ತಾರೋ ಇಲ್ವೋ ಶಿವನಿಗೆ ಗೊತ್ತು. ಬರಾಕಿಲ್ಲ ಅಂತ ನೀವು ಯಾಕೇಳಿದ್ರಿ?"

ಹೇಳುತ್ತೇನೆ ಎಂದು ಮಾತು ಕೊಟ್ಟೆ. ನಾಳೆಯೇ ಹೋಗಿ ಹೇಳಿಬಿಡುತ್ತೇನೆ, ಎಷ್ಟು ಹೊತ್ತಿನ ಕೆಲಸ.

೨೨ ಫೆಬ್ರವರಿ, ಶನಿವಾರ

ನಿನ್ನೆ ಆಗಲಿಲ್ಲ. ಇವತ್ತು ಹೋದೆ.

ಶಿವಗಂಗಮ್ಮ ಜಗಲಿಯ ಮೇಲೆ ಅವರೆ ಬಿಡಿಸುತ್ತಿದ್ದಳು. ಮುಖ ತಿಳಿಯಾಗಿತ್ತು. ನನ್ನನ್ನು ಕಂಡು ಬೆಲ್ಲ, ಕಡಲೆಪುರಿ ತಂದಿಟ್ಟಳು. "ಆರು ವರ್ಸ ಬಾಗಿಲು ಆಕ್ಕಂಡು ಮಲಗಿರ್ನಿಲ್ಲ ಕಣಪ್ಪ. ಯಾವಾಗ ಬಂದಾನೋ, ಬಂದು ಬಾಗಿಲು ತಟ್ಟಿದ್ರೆ ಕೇಳಿಸ್ತದೋ ಇಲ್ವೋ ಅಂತ. ಈಗ ಅಗುಳಿ ಆಕ್ಕಂಡು ಮಲಗ್ತೀನಿ" ಎಂದಳು.

"ಅವ್ವ, ಆವತ್ತು ಮಾತಾಡಿದ್ದು ನಾನು" ಎಂದೆ. ಸ್ಪಷ್ಟವಾಗಿಯೇ ಹೇಳಿದೆ.

ಅವಳು ನಕ್ಕಳು. "ಗೊತ್ತಪ್ಪ, ನಿನ್ನ ಬಾಯೇ. ಅಲ್ಲಿ ಇನ್ಯಾರ ಬಾಯಿತ್ತು? ಆದ್ರೆ ನಮ್ಮೋನ ಹೆಸರು ಎತ್ತಾಕಿಲ್ಲ ಅಂತ ನೀನು ಮಾತು ಕೊಟ್ಟಿದ್ದೆ. ಓದಿದೋನು, ಮಗೀನ ತಂದೆ. ನೀನೇ ಆಗಿದ್ರೆ ಎತ್ತುತಿದ್ಯಾ? ನಿನ್ನ ಬಾಯಿಂದ ಅವ್ನೇ ಕರೆದ."

ಹೌದು, ನಾನೇ ಎತ್ತಿದೆ, ಮನೆಗೆ ಹೋಗುವ ಆಸೆಗೆ ಎತ್ತಿದೆ ಎಂದು ಹೇಳಬೇಕಾಗಿತ್ತು. ಬಾಯಿಯಲ್ಲಿ ಅವಳು ಕೊಟ್ಟ ಬೆಲ್ಲವಿತ್ತು. ಒಳಗೆ ನೀಲಾಂಬಿಕೆ ರೊಟ್ಟಿ ತಟ್ಟುವ ಸದ್ದು ನಿಂತಿತ್ತು, ಅವಳು ಕೇಳಿಸಿಕೊಳ್ಳುತ್ತಿದ್ದಾಳೆಂದು ಗೊತ್ತಾಯಿತು. ನಾನು "ಬತ್ತೀನಿ ಅವ್ವ" ಎಂದು ಎದ್ದುಬಂದೆ. ಸ್ವಲ್ಪ ಹೊತ್ತಾದ ಮೇಲೆ ರೊಟ್ಟಿಯ ಸದ್ದು ಮತ್ತೆ ಕೇಳಿಸಿತು.

೨೩ ಫೆಬ್ರವರಿ, ಭಾನುವಾರ

ಪಟೇಲರಿಗೆ ಹೇಳಿದರೆ ಪಟೇಲರು ಸೊರಬಯ್ಯನನ್ನು ಕೇಳುತ್ತಾರೆ. ಸೊರಬಯ್ಯನಿಗೆ ತಿಳಿದರೆ ಆ ತುಂಡನ್ನು ಬಿಸಿಲಿಗೆ ಹಿಡಿಯುತ್ತಾನೆ. ಹಿಡಿದರೆ ಮತ್ತೆ ಮೊದಲಿನಿಂದ, ಮತ್ತೆ ಅದೇ ಗೋಡೆ, ಅದೇ ಗೂಟ. ಆ ಮುದುಕಿ ಇನ್ನೊಂದು ಸಲ ಕೂರುವುದೂ ಇಲ್ಲ. ಅವನ ಪಿಕ್ಚರೂ ಹೋಯಿತು, ನನ್ನ ರಜೆಯೂ ಹೋಯಿತು. ಎಲ್ಲಿಂದ ಲೆಕ್ಕ ಹಾಕಿದರೂ ಅಲ್ಲಿಗೇ ಬರುತ್ತದೆ.

ಗಂಗಾಧರ ಬದುಕಿದ್ದಾನೆ ಎಂದು ಯಾರು ಕಂಡರು? ಆರು ವರ್ಷ.

೨೪ ಫೆಬ್ರವರಿ, ಸೋಮವಾರ

ತಲೆನೋವು. ಹೊರಗೆ ಹೋಗಲಿಲ್ಲ. ನೀಲಾಂಬಿಕೆ ಬಂದಿದ್ದಳು. ಮಲಗಿದ್ದೇನೆ ಎಂದು ಹೇಳಿಸಿದೆ.

೨೬ ಫೆಬ್ರವರಿ, ಬುಧವಾರ

ಸಹಿ ಇನ್ನೂ ಬಿದ್ದಿಲ್ಲ. ತಾಯಿ ಅತ್ತಾಯಿತು, ಈಗ ಅವನಿಗೆ ಊರಿನ ದಾರಿ ಬೇಕಂತೆ, ಎಮ್ಮೆ ಬೇಕಂತೆ, ಒಲೆಯ ಹೊಗೆ ಬೇಕಂತೆ.

ದಾರಿ ತೆಗೆಯಲು ಹೋದಾಗ ಶಿವಗಂಗಮ್ಮನ ಮನೆಯ ಮುಂದೆ ಚಪ್ಪರ ಹಾಕುತ್ತಿದ್ದರು. ಏನು ವಿಶೇಷ ಎಂದು ಸೊರಬಯ್ಯ ಕೇಳಿದ. ಮಗನ ತಿಥಿ ಎಂದರೆ ಯಾವ ಮಗ ಎನ್ನುತ್ತಾನೆ. ಯಾವಾಗ ಸತ್ತ ಎನ್ನುತ್ತಾನೆ. ಯಾರು ಹೇಳಿದರು ಎನ್ನುತ್ತಾನೆ.

"ನಮ್ಮ ಪಿಕ್ಚರಿಗೇ" ಎಂದುಬಿಟ್ಟೆ. "ಹೆಣ ಹೋದ ಮೇಲೆ ಸೊಸೆಯ ಬಳೆ ತೆಗೆಯುವ ಶಾಸ್ತ್ರ ಇರುತ್ತದೆ. ಅದನ್ನೂ ಆಡಿ ತೋರಿಸುತ್ತಾರಂತೆ. ನಾನೇ ಒಪ್ಪಿಸಿದೆ."

ಸೊರಬಯ್ಯ ನನ್ನ ಎರಡು ಭುಜವನ್ನೂ ಹಿಡಿದುಕೊಂಡ. ಈ ದೃಶ್ಯ ತನ್ನ ಕಥೆಯಲ್ಲಿ ಇರಲಿಲ್ಲ, ಇದಿಲ್ಲದೆ ಕಥೆ ಮುಗಿಯುತ್ತಲೂ ಇರಲಿಲ್ಲ ಎಂದ. "ನೀನು ದುಭಾಷಿಯಲ್ಲ ಶಾಂದ್ರ, ನೀನು ನನ್ನ ಅಸಿಸ್ಟೆಂಟ್ ಡೈರೆಕ್ಟರ್" ಎಂದ. ಅದು ಮುಗಿದ ಕೂಡಲೇ ಸಹಿ, ಅದೇ ಹಲಗೆಯ ಮೇಲೆ ಎಂದ. ಅವನ ಹೊಗಳಿಕೆಯಿಂದ ಖುಷಿಯಾಯಿತು. ಸುಳ್ಳೇಕೆ ಬರೆಯಲಿ, ಖುಷಿಯಾಯಿತು.

ಪಟೇಲರಿಗೆ, ಶಾಸ್ತ್ರವನ್ನು ಸೊರಬಯ್ಯ ಪಿಕ್ಚರ್ ತೆಗೆದುಕೊಳ್ಳುತ್ತಾನೆ, ಊರಿನ ಪದ್ಧತಿ ದೇಶದೇಶಕ್ಕೆ ತಿಳಿಯುತ್ತದೆ ಎಂದೆ. "ತಗಳ್ಳಲಿ ಬಿಡಿ, ಗಂಗಾಧರನ್ನ ಎಲ್ರೂ ನೋಡ್ದಂಗಾಯ್ತದೆ" ಎಂದರು. ಶಾಸ್ತ್ರ ಬೆಳಿಗ್ಗೆಯ ಬದಲು ನಾಲ್ಕು ಗಂಟೆಗೆ ಆಗುವಂತೆ ಅಯ್ಯನವರನ್ನೂ ಒಪ್ಪಿಸಿದೆ. ಅದು ಸುಲಭವಾಗಿರಲಿಲ್ಲ.

೨೮ ಫೆಬ್ರವರಿ, ಶುಕ್ರವಾರ

ನೀಲಾಂಬಿಕೆ ಬಂಗಲೆಯ ಕಡೆ ಮತ್ತೆ ಬಂದಿಲ್ಲ. ಸಾಯಂಕಾಲ ಹಳ್ಳಿಗೆ ಹೋಗಿ ಹಲಗೆಯ ಜಾಗ ನೋಡಿಕೊಂಡು ಬಂದೆ. ಅವಳು ಕೊಟ್ಟಿಗೆಯಲ್ಲಿದ್ದಳು. ಹಸಿರು ಬಳೆ, ಎರಡೂ ಕೈಗೆ ಡಜನ್ನಿನಷ್ಟು. ಬಿಸಿಲು ಬಿದ್ದರೆ ಹಸಿರು ಕಪ್ಪಗೆ ಕಾಣಬಹುದು, ಗೊತ್ತಿಲ್ಲ. ಅವಳು ನನ್ನನ್ನು ನೋಡಿದಳು, ನಾನು ಬೆಳಕಿಂಡಿ ನೋಡಿದೆ.

ರಾತ್ರಿ ಊಟ ಸೊರಬಯ್ಯನ ಜೊತೆ. ಪ್ರೇಮಕುಮಾರಿಗೆ ಸೋಮವಾರದೊಳಗೆ ಬರುತ್ತೇನೆ ಎಂದು ಬರೆದು ಹಾಕಿದೆ.

೧ ಮಾರ್ಚ್, ಶನಿವಾರ

ಮೂರೂವರೆಗೇ ಹೆಂಗಸರು ಸೇರಿದರು. ನೀಲಾಂಬಿಕೆಯನ್ನು ಒಳಕೋಣೆಯಲ್ಲಿ ಕೂರಿಸಲು ಹೊರಟಿದ್ದರು. ಕತ್ತಲು, ಏನೂ ಕಾಣುವುದಿಲ್ಲ. ಪಡಸಾಲೆಗೆ ಕರೆತನ್ನಿ ಎಂದೆ. ಹಲಗೆಯನ್ನು ಒಂದು ಗೇಣು ಎಡಕ್ಕೆ ಸರಿಸಿದೆ. ಗಂಗಾಧರನ ಅಂಗಿಯನ್ನು ಹಲಗೆಯ ಪಕ್ಕದಲ್ಲಿ ಮಡಿಸಿಟ್ಟಿದ್ದರು, ಅದು ಬೆಳ್ಳಗೆ ಹೊಳೆಯುತ್ತಿತ್ತು, ಸ್ವಲ್ಪ ಹಿಂದಕ್ಕೆ ಇಡಿಸಿದೆ. ಶಿವಗಂಗಮ್ಮ ಮಗನ ಹೆಸರು ಹೇಳಿಕೊಂಡು ಮೂಲೆಯಲ್ಲಿ ಕೂತಿದ್ದಳು. ನನ್ನನ್ನು ಕಂಡು ಕೈ ಮುಗಿದಳು.

ನಾಲ್ಕಕ್ಕೆ ಬಿಸಿಲು ಬಿತ್ತು. ಕ್ಯಾಮೆರಾ ಶುರುವಾಯಿತು. ಪಾರ್ವತಮ್ಮ ಎಂಬ ಹಿರಿಯ ವಿಧವೆಯೊಬ್ಬಳು ನೀಲಾಂಬಿಕೆಯ ಎಡಗೈ ಹಿಡಿದು, ಹಲಗೆಯ ಅಂಚಿಗೆ ಬಡಿದು ಬಳೆ ಒಡೆದಳು. ಚೂರುಗಳು ಬಿಸಿಲಿನಲ್ಲಿ ಸಿಡಿದವು. ಮಣಿಕಟ್ಟಿನಲ್ಲಿ ಸಣ್ಣಗೆ ರಕ್ತ ಬಂತು. ನೀಲಾಂಬಿಕೆ ಅಳಲಿಲ್ಲ. ಎಡಗೈಯ ಬಳೆ ಮುಗಿಯುತ್ತಿದ್ದಂತೆ ಬಲಗೈಯನ್ನು ಸೆರಗಿನೊಳಗೆ ಎಳೆದುಕೊಂಡು, ಕ್ಯಾಮೆರಾದ ಪಕ್ಕದಲ್ಲಿದ್ದ ಸೊರಬಯ್ಯನನ್ನೇ ನೇರವಾಗಿ ನೋಡಿ ಮಾತಾಡಿದಳು.

"ನನ್ನ ಗಂಡ ಸತ್ತಿಲ್ಲ ಕಣಯ್ಯ. ಸತ್ತ ಅಂತ ಈ ಗುಮಾಸ್ತ ಸುಳ್ಳೇಳಿದ. ನಿನಗೆ ನನ್ನ ಮಾತು ತಿಳಿಯಾಕಿಲ್ಲ, ಅವನ್ನೇ ಕೇಳು. ಸಾ, ನಾನಂದಿದ್ದನ್ನ ಅವ್ರಿಗೆ ಏಳಿ. ಈಗ್ಲೇ ಏಳಿ."

ಹೆಂಗಸರು ಲೊಚಗುಟ್ಟಿದರು. ಪಾಪ, ದುಃಖಕ್ಕೆ ಬುದ್ಧಿ ಕೆಟ್ಟೈತೆ ಎಂದು ಪಾರ್ವತಮ್ಮ ಅವಳ ತಲೆ ಸವರಿದಳು. ಸೊರಬಯ್ಯ ಉಸಿರು ಬಿಗಿಹಿಡಿದು ನನ್ನ ಕಿವಿಯ ಹತ್ತಿರ ಬಂದ. "ಎಂಥ ಕಣ್ಣು. ಇಷ್ಟು ವರ್ಷದಲ್ಲಿ ಇಂಥ ನಟಿಯನ್ನು ನೋಡಿಲ್ಲ. ಏನನ್ನುತ್ತಿದ್ದಾಳೆ?" ಎಂದ.

ಎಲ್ಲರೂ ನನ್ನನ್ನು ನೋಡುತ್ತಿದ್ದರು. ನಿಜವಾಗಿಯೂ ಒಂದು ಕ್ಷಣ ಬಾಯಿ ತೆರೆದೆ.

"ಸರಿಯಾಗಿ ಬರುತ್ತಿದೆಯಾ ಎಂದು ಕೇಳುತ್ತಿದ್ದಾಳೆ" ಎಂದೆ.

"ತುಂಬಾ ಚೆನ್ನಾಗಿ ಬರುತ್ತಿದೆ ಎಂದು ಹೇಳು."

"ತುಂಬಾ ಚೆನ್ನಾಗಿ ಬರ್ತಿದೆಯಂತೆ" ಎಂದು ನೀಲಾಂಬಿಕೆಗೆ ಹೇಳಿದೆ.

ಅವಳು ನನ್ನ ಮುಖವನ್ನು ನೋಡಿದಳು. ಆಮೇಲೆ ಸೆರಗಿನೊಳಗಿಂದ ಬಲಗೈಯನ್ನು ತಾನೇ ತೆಗೆದು ಪಾರ್ವತಮ್ಮನ ಮುಂದೆ ಚಾಚಿದಳು. ಅಷ್ಟು ಸಾಕೆಂದು ಕ್ಯಾಮೆರಾದವನು ಗುಂಡಿಯ ಮೇಲೆ ಬೆರಳಿಟ್ಟಿದ್ದ. ಬಿಸಿಲು ಇನ್ನೂ ಇತ್ತು. ನಿಲ್ಲಿಸಬೇಡ, ಕೈ ಹತ್ತಿರಕ್ಕೆ ಹೋಗು ಎಂದು ನಾನೇ ಅವನಿಗೆ ಹೇಳಿದೆ.